ನಾಲ್ಕೇ ಬಿಂದಿಗೆ

ನಾನು ಕೆಲಸಕ್ಕಿದ್ದ ಹೊರದೇಶದ ನಗರದಲ್ಲಿ ಯುದ್ಧ ಆರಂಭವಾಗಿ, ಒಂದೇ ಕೈಚೀಲದೊಡನೆ ಹಿಂತಿರುಗಿದ ವರ್ಷ ರಾಬರ್ಟ್‌ಸನ್‌ಪೇಟೆಯಲ್ಲಿ ಬಾಡಿಗೆ ಮನೆ ಹಿಡಿದೆ. ಕೂಲಿ ಮಾಡುವವರ ಕುಟುಂಬದಲ್ಲಿ ಪದವಿ ಪಡೆದ ಮೊದಲಿಗ ನಾನು. ಸಣ್ಣ ಕಚೇರಿಯೊಂದರಲ್ಲಿ ಗುಮಾಸ್ತನ ಕೆಲಸ ದೊರಕಿತ್ತು. ಹೆಂಡತಿ ಮತ್ತು ಮಗಳು ಬೇತಮಂಗಲದ ಹತ್ತಿರದ ತವರಿನಲ್ಲಿದ್ದರು. “ಮೊದ್ಲು ಒಂದು ಮನೇಲಿ ನೆಟ್ಗೆ ನಿಂತ್ಕೊಳಪ್ಪ, ಆಮೇಲೆ ಕಳಿಸ್ತೀನಿ” ಎಂದಿದ್ದರು ಮಾವ. ಆದ್ದರಿಂದ ಆ ಮನೆಯನ್ನು ಉಳಿಸಿಕೊಳ್ಳಲೇಬೇಕಿತ್ತು.

ಬೀದಿಯ ನಲ್ಲಿಯಲ್ಲಿ ಐದಾರು ದಿನಗಳಿಗೊಮ್ಮೆ ನೀರು ಬರುತ್ತಿತ್ತು. ಸರದಿಯಲ್ಲಿ ಮನೆಗೆ ನಾಲ್ಕು ಬಿಂದಿಗೆ. ಎಲ್ಲರದೂ ಮುಗಿದ ಮೇಲೆ ಮತ್ತೆ ಮೊದಲಿನಿಂದ. ಈ ಕ್ರಮವನ್ನು ನನಗೆ ಯಾರೂ ತಿಳಿಸಲಿಲ್ಲ, ನಾನೂ ಕೇಳಲಿಲ್ಲ. ಯುದ್ಧದ ನಗರದಲ್ಲಿ ಒಮ್ಮೆ ನಿಂತ ನೀರು ನಾನು ಊರು ಬಿಡುವವರೆಗೂ ಬಂದಿರಲಿಲ್ಲ. ಅಲ್ಲಿ ಕಲಿತಂತೆ, ಈ ಬೀದಿಯಲ್ಲಿ ಮೊದಲ ಸಲ ನೀರು ಬಂದಾಗ ಡ್ರಮ್ಮು, ಬಕೆಟ್ಟು, ಅನ್ನದ ಪಾತ್ರೆ, ಕೊನೆಗೆ ಲೋಟಗಳನ್ನೂ ತುಂಬಿಸಿಕೊಂಡೆ. ಅಂದು ಕೊನೆಯ ಮೂರು ಮನೆಗಳಿಗೆ ನೀರು ಸಿಗಲಿಲ್ಲ.

ಆ ಮೂರರಲ್ಲೊಂದು ಎದುರು ಮನೆಯ ಮುದುಕಿಯದು. “ಏನ್ ಸಾರ್, ಓದ್ದೋರು ಅಂತಾರೆ, ನಾಕು ಎಣ್ಸಾಕೆ ಬರಲ್ವಾ?”

“ಕ್ಷಮಿಸಬೇಕು ಅಮ್ಮ. ನಾನು ಯುದ್ಧ ನಡೆದ ಸ್ಥಳದಿಂದ ಬಂದವನು…”

“ಯುದ್ಧಾನ ಅಲ್ಲೇ ಬಿಟ್ ಬರದಲ್ವಾ? ನಮ್ ಬೀದಿಗ್ಯಾಕೆ ಒತ್ಕೊಂಡ್ ಬಂದ್ರಿ?”

ಸಾಲಿನಲ್ಲಿದ್ದವರೆಲ್ಲ ನಕ್ಕರು. ಸಂಜೆ ಮನೆಯ ಮಾಲೀಕ ಬಾಗಿಲಿಗೆ ಬಂದು, ಒಳಗೂ ಕಾಲಿಡದೆ ಹೇಳಿದ: “ಇನ್ನೊಂದ್ ಕಂಪ್ಲೇಂಟ್ ಬಂದ್ರೆ ಖಾಲಿ ಮಾಡ್ಬಿಡಿ.”

ಮುಂದಿನ ಸಲ ನಾಲ್ಕೇ ಬಿಂದಿಗೆ ಹಿಡಿದು ಸಾಲಿನಲ್ಲಿ ನಿಂತೆ. ನನ್ನ ಸರದಿ ಬಂದಾಗ ಮುದುಕಿಯ ಸೊಸೆ ಅವುಗಳನ್ನು ಕಾಲಿನಿಂದ ಚರಂಡಿಯತ್ತ ತಳ್ಳಿದಳು. “ಅವತ್ತು ನಮ್ದೂ ನೀವೇ ಇಡ್ಕೊಂಡ್ರಲ್ಲ, ಓಗಿ ಅದನ್ನೇ ಕುಡೀರಿ.”

ವಾರವೆಲ್ಲ ಮನಸ್ಸಿನಲ್ಲಿ ತಿದ್ದಿ ತಿದ್ದಿ ಸಿದ್ಧಪಡಿಸಿದ್ದ ಉತ್ತರವೊಂದಿತ್ತು. ಅದನ್ನು ಹೇಳಿದ್ದರೆ ಜಗಳವಾಗುತ್ತಿತ್ತು. ಜಗಳವಾದರೆ ಮನೆ ಹೋಗುತ್ತಿತ್ತು. ಬಿಂದಿಗೆಗಳನ್ನು ಎತ್ತಿಕೊಂಡು ಒಳಗೆ ಹೋಗಿ, ಮುಟ್ಟದೆ ಕಾಪಾಡಿದ್ದ ಡ್ರಮ್ಮಿನ ನೀರನ್ನು ಬಿಂದಿಗೆ ಬಿಂದಿಗೆಯಾಗಿ ಹೊತ್ತು ತಂದು ಆ ಮೂರು ಮನೆಗಳ ಬಾಗಿಲಲ್ಲಿದ್ದ ಪಾತ್ರೆಗಳಿಗೆ ಸುರಿದೆ. ಡ್ರಮ್ಮಿನ ತಳ ಕಂಡಾಗ ಅದನ್ನು ಬಗ್ಗಿಸಿ ಕೊನೆಯ ಹನಿಯನ್ನೂ ಬಿಂದಿಗೆಗೆ ಬಸಿದೆ.

ಮುದುಕಿ ಬಗ್ಗಿ ಮೂಸಿದಳು. “ಅಳೇ ನೀರು. ಎಮ್ಮೆ ಮೈ ತೊಳ್ಯಾಕೆ ಆಯ್ತದೆ.”

ಆದರೂ ಚೆಲ್ಲಲಿಲ್ಲ. ಮಾಲೀಕನಿಗೆ ದೂರೂ ಹೋಗಲಿಲ್ಲ.

ಎರಡು ತಿಂಗಳ ನಂತರ ಹೆಂಡತಿ, ಮಗಳು ಬಂದರು. ಆ ಬೀದಿಯವರನ್ನು ನಾನು ಇಂದಿಗೂ ಮೆಚ್ಚಿಲ್ಲ. ಅವರೂ ನನ್ನನ್ನು ಮೆಚ್ಚಿಲ್ಲ. ನಾಲ್ಕನೆಯ ಬಿಂದಿಗೆ ತುಂಬಿದಾಗ ನನ್ನ ಕೈ ನಲ್ಲಿಯನ್ನು ಬಿಡುವುದಿಲ್ಲ. ಈಗ ಮಗಳೇ ಬಂದು ಬಿಡಿಸುತ್ತಾಳೆ.