ಕರೆಂಟು ಬಂಡಿಗೆ ನಾನಿಟ್ಟ ಹೊಗೆಕೊಳವೆ

ಚನ್ನಪಟ್ಟಣದವರ ಕೈಗೆ ಮರದ ತುಂಡು ಕೊಟ್ಟು ರೈಲು ಮಾಡಿ ಎಂದರೆ, ಕೈ ತಾನಾಗಿಯೇ ಹೊಗೆಕೊಳವೆಯನ್ನೂ ಕಡೆಯುತ್ತದೆ. ನನ್ನ ಕೈಯಂತೂ ತಲೆಯನ್ನು ಕೇಳುವ ಪದ್ಧತಿಯನ್ನೇ ಬಿಟ್ಟಿದೆ.

ಮಾವನ ಗೊಂಬೆ ಅಂಗಡಿಗೆ ರೈಲಿನ ಹುಚ್ಚಿದ್ದ ನಿವೃತ್ತ ಮೇಷ್ಟ್ರೊಬ್ಬರು ಹಳೆಯ ಫೋಟೋ ತಂದಿದ್ದರು. ಊರಿಂದೂರಿಗೆ ಓಡುತ್ತಿದ್ದ ಮೊದಮೊದಲ ಕಾಲದ ವಿದ್ಯುತ್ ಬಂಡಿ, ಎಲ್ಲೋ ದೂರದ ದೇಶದ್ದು. ಒಂದೇ ಡಬ್ಬಿ, ಮುಂದೆ ಎಂಜಿನ್ನೇ ಇಲ್ಲ. ಹೊಲದ ಬದುವಿನಲ್ಲಿ ರೈತರು ಕೈ ಅಡ್ಡ ಹಾಕಿದರೆ ನಿಂತು ಹಾಲಿನ ಕ್ಯಾನು ಹತ್ತಿಸಿಕೊಳ್ಳುತ್ತಿತ್ತಂತೆ. ಆಮೇಲೆ ಬಸ್ಸು, ಕಾರು ಹೆಚ್ಚಾಗಿ ಹಳಿಯನ್ನೇ ಕಿತ್ತರಂತೆ. ಕೇಳುತ್ತಾ ಕೇಳುತ್ತಾ ನಾನು ಮನಸ್ಸಿನಲ್ಲೇ ಆ ಬಂಡಿಯನ್ನು ಕುದೂರಿನಲ್ಲಿ ಹತ್ತಿ, ಮಾಗಡಿ, ರಾಮನಗರ ದಾಟಿ ಕನಕಪುರದಲ್ಲಿ ಇಳಿದೂ ಆಗಿತ್ತು.

ಅದರ ಮರದ ಮಾದರಿ ಬೇಕಿತ್ತು ಅವರಿಗೆ.

"ಇದ್ನ ನಿಂಗೇ ಬುಡ್ತೀನಿ ಕಣ್ಲಾ," ಎಂದರು ಮಾವ. "ಕೆಡಿಸ್ದೆ ಅಂದ್ರೆ ಇನ್ಮೇಲೆ ಲೇತ್ ಮುಟ್ಟಂಗಿಲ್ಲ. ಡಬ್ಬಕ್ಕೆ ಗೊಂಬೆ ತುಂಬ್ಕಂಡಿರು, ಅಷ್ಟೇಯ."

ಮರ ಕಡೆಯುವ ಆ ಲೇತು ನನ್ನ ಪ್ರಾಣ. ಆಲೆಮರ ಕಡೆದೆ, ಅರಗಿನ ಬಣ್ಣ ಹಚ್ಚಿದೆ, ತಾಳೆಗರಿಯಿಂದ ಉಜ್ಜಿ ಹೊಳಪೇರಿಸಿದೆ. ಮಾವನಿಗೆ ತೋರಿಸಿದೆ.

"ಏನ್ಲಾ ಇದು? ಕರೆಂಟಲ್ಲಿ ಓಡೋ ಗಾಡೀಲಿ ಹೊಗೆ ಎಲ್ಲಿಂದ ಬತ್ತದ್ಲಾ?"

"ಒಸಿ ಗತ್ತಿರ್ಲಿ ಅಂತ, ಮಾವ..."

"ಫ್ಯಾನಿಗೂ ಒಂದು ಹೊಗೆಕೊಳವೆ ಇಟ್ಬುಡು ಹೋಗ್ಲಾ! ನಾಳೆ ಮೇಷ್ಟ್ರು ಬತ್ತಾರೆ."

ಫೋಟೋದಲ್ಲಿ ಕರೆಂಟಿಗಾಗಿ ಚಾವಣಿಯಿಂದ ಮೇಲಿನ ತಂತಿಗೆ ಚಾಚಿದ್ದ ಕಡ್ಡಿಯನ್ನು ನಾನು ಫೋಟೋದ ಮೇಲಿನ ಗೀರು ಎಂದುಕೊಂಡಿದ್ದೆ.

ಕರೆಂಟು ಬಂಡಿಯ ನೆತ್ತಿ ಹೇಗಿರುತ್ತದೆಂದು ನೋಡಲು ಸ್ಟೇಷನ್ನಿಗೆ ಓಡಿದೆ. ದಿನಾ ನೋಡುವ ಮೈಸೂರು ರೈಲನ್ನು ಅಂದೇ ಮೊದಲು ತಲೆಯೆತ್ತಿ ನೋಡಿದ್ದು. ಅಷ್ಟು ಜನ, ಅಷ್ಟು ಕಬ್ಬಿಣ! ಮೇಲೊಂದು ತಂತಿಯನ್ನು ಸುಮ್ಮನೆ ಮುಟ್ಟಿಕೊಂಡು ಹೊರಟೇಬಿಟ್ಟಿತು. ಎಲ್ಲೋ ಇರುವ ಶಕ್ತಿ, ಆ ಒಂದು ಸ್ಪರ್ಶದಿಂದ ಇಳಿದು ಬರುತ್ತಿತ್ತು. ಸದಾ ಹಲ್ಲು ಕಿರಿಯುವ ನಾನು ಅದನ್ನೂ ಮರೆತು ನಿಂತಿದ್ದೆ; ನನಗೆ ಹುಷಾರಿಲ್ಲವೆಂದುಕೊಂಡು ಟೀ ಮಾರುವವನು ನೀರು ಕೊಟ್ಟ.

ಬಂದವನೇ ಹೊಗೆಕೊಳವೆ ಕಿತ್ತು ಲೇತಿಗೆ ಸಿಕ್ಕಿಸಿ, ಉಸಿರು ಹಿಡಿದು, ಕಡ್ಡಿಯಾಗುವವರೆಗೆ ಕಡೆದೆ. ತುದಿಗೆ ಪುಟ್ಟ ಗಾಲಿ ಕೂರಿಸಿದೆ. ಚಾವಣಿಯಲ್ಲಿ ಉಳಿದ ದೊಡ್ಡ ತೂತಿಗೆ ಅರಗು ತುಂಬಿ ಕಡ್ಡಿಯನ್ನು ನಿಲ್ಲಿಸಿದೆ.

ಮರುದಿನ ಮಾವ ಮೇಜಿನ ಮೇಲೆ, ರೈಲಿನ ತಂತಿಯ ಹಾಗೆ ಎತ್ತರದಲ್ಲಿ, ಈ ತುದಿಯಿಂದ ಆ ತುದಿಗೆ ದಾರ ಕಟ್ಟಿದರು. ಮೇಷ್ಟ್ರು ಬಂಡಿಯನ್ನು ಮೆಲ್ಲಗೆ ತಳ್ಳಿದರು. ಪುಟ್ಟ ಗಾಲಿ ದಾರವನ್ನು ಮುಟ್ಟಿಕೊಂಡೇ ಉರುಳಿತು. "ಓಡ್ತಾ ಐತೆ," ಎಂದು ಮೇಷ್ಟ್ರು ಪಿಸುಗುಟ್ಟಿದರು.

ಮಾವ ತಾವೂ ಒಮ್ಮೆ ತಳ್ಳಿದರು. ಆಮೇಲೆ ಇನ್ನೊಮ್ಮೆ.

ಅದೇ ಸಮಯವೆಂದು ನಾನು ಮೆಲ್ಲಗೆ ಹೋಗಿ ಲೇತಿನ ಮುಂದೆ ಕೂತೆ. ಯಾರೂ ಎಬ್ಬಿಸಲಿಲ್ಲ.