ಕ್ಯಾಮೆರಾ ಪಕ್ಕದ ಅಕ್ಕ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಸ್ಟುಡಿಯೊದೊಳಗೆ ರಾತ್ರೋರಾತ್ರಿ ಎದ್ದುನಿಂತ ಆಸ್ಪತ್ರೆಯ ವರಾಂಡ. ಹಸಿ ಬಣ್ಣದ ವಾಸನೆ ಮೂಗಿಗೆ ರಾಚುತ್ತಿದೆ. ದೀಪಗಳ ನಡುವೆ ಎಲ್ಲರ ಕಣ್ಮಣಿ ಹೀರೋ. ಕ್ಯಾಮೆರಾ ಪಕ್ಕದಲ್ಲಿ, ವೈರುಗಳ ಗೋಜಲಿನಲ್ಲಿ ಕಾಲಿಡಲು ಜಾಗ ಮಾಡಿಕೊಂಡು ನಿಂತಿರುವವರು ಆತನ ಅಕ್ಕ. "ಇಷ್ಟು ದಿನ ಎಲ್ಲಿದ್ದೆ ಮಗನೇ?" ಎಂದು ಮೆಲ್ಲಗೆ ಕೇಳುತ್ತಾರೆ. ಹೀರೋನ ಕಣ್ಣು ತುಂಬುತ್ತದೆ. ನಿರ್ದೇಶಕರು ಕಟ್ ಅನ್ನುವುದೇ ತಡ, ಅಕ್ಕನ ನೋಟ ಬಾಗಿಲ ಕಡೆ ಓಡುತ್ತದೆ.

ತೆರೆಯ ಮೇಲೆ ಆ ಮಾತಾಡುವುದು ತಾಯಿಯ ಪಾತ್ರದ ದೊಡ್ಡ ನಟಿ. ಅವರು ತಮ್ಮ ಭಾಗ ಮುಗಿಸಿ ನಿನ್ನೆಯೇ ಹೊರಟುಹೋದರು. ಇವತ್ತು ಹೀರೋ ಮುಖವೊಂದನ್ನೇ ಹತ್ತಿರದಿಂದ ಹಿಡಿಯುವಾಗ ತಾಯಿಯ ಮಾತನ್ನು ಯಾರಾದರೂ ಪಕ್ಕದಲ್ಲಿ ನಿಂತು ಹೇಳಬೇಕಲ್ಲ? ಸಹಾಯಕ ನಿರ್ದೇಶಕ ಹೇಳಿದರೆ ಬಸ್ಸಿನ ಬೋರ್ಡು ಓದಿದ ಹಾಗಿರುತ್ತದೆ. ಅಕ್ಕ ಹೇಳಿದರೆ ಮಾತ್ರ ಈತನಿಗೆ ಅಳು. ಪ್ರಶಸ್ತಿ ತಂದುಕೊಟ್ಟ ಅಳುವೆಲ್ಲ ಹೊರಟದ್ದು ಈ ಬಾಯಿಂದಲೇ. ಪೋಸ್ಟರ್ ಮಾತು ಬಿಡಿ, ಕೊನೆಯಲ್ಲಿ ಓಡುವ ಹೆಸರುಗಳ ಸಾಲಿನಲ್ಲೂ ಈಕೆ ಇಲ್ಲ!

ಮೊದಲು ಬಣ್ಣ ಹಚ್ಚಿದ್ದು ಅಕ್ಕನೇ. ನಾಟಕದ ತಾಲೀಮಿಗೆ ತಮ್ಮನನ್ನೂ ಎಳೆದುಕೊಂಡು ಹೋದರು. ಅದೃಷ್ಟ ಅವನನ್ನು ಹುಡುಕಿಕೊಂಡು ಬಂತು. ಇವರಿಗೆ ಸಿಕ್ಕಿದ್ದು ನರ್ಸು, ಪಕ್ಕದ ಮನೆಯಾಕೆ, ಸಾಲಿನಲ್ಲಿ ನಿಂತು ಗೊಣಗುವ ಹೆಂಗಸು. "ಹೀರೋ ಅಕ್ಕ ಅಲ್ವಾ, ಸಣ್ಣ ಪಾತ್ರ ಕೊಡೋಕೆ ಜನಕ್ಕೆ ಸಂಕೋಚ. ದೊಡ್ಡದು ಕೊಡೋಕೆ ಧೈರ್ಯ ಇಲ್ಲ. ನಡುವೆ ನಾನು ನೇತಾಡ್ತಾ ಇರ್ತೀನಿ" ಎಂದು ನಗುತ್ತಾರೆ. ನಗುವಾಗಲೂ ಕೈ ಸುಮ್ಮನಿರದು. ಸೆರಗಿನ ತುದಿ ಸುರುಳಿಯಾಗುತ್ತಲೇ ಇದೆ.

ಯಾಕೆಂದರೆ ಪಕ್ಕದ ಬೀದಿಯ ಇನ್ನೊಂದು ಸ್ಟುಡಿಯೊದಲ್ಲಿ ಇವತ್ತು ಅವರದೇ ದೃಶ್ಯವಿದೆ. ಮಗನ ಮನೆ ಬಿಟ್ಟು ಹೊರಡುವ ತಾಯಿ. ಇಷ್ಟು ಉದ್ದದ ಪಾತ್ರ ಇದೇ ಮೊದಲು. "ಅಕ್ಕಾ, ಇನ್ನೊಂದೇ ಒಂದು ಶಾಟ್" ಎಂದು ತಮ್ಮ ಗೋಗರೆಯುತ್ತಾನೆ. ಇನ್ನೊಂದು ಮುಗಿದರೆ ಮತ್ತೊಂದು. ಕಡೆಗೆ ಅಕ್ಕ ಚಪ್ಪಲಿ ಮೆಟ್ಟಿಕೊಂಡು ಹೊರಟೇಬಿಡುತ್ತಾರೆ.

ಅಲ್ಲಿಗೆ ಹೋದ ಮೇಲೆ ಮಾಡಿದ್ದೇನು ಗೊತ್ತೇ? ನೆಟ್ಟಗೆ ಹೋಗಿ ಕ್ಯಾಮೆರಾ ಪಕ್ಕದಲ್ಲಿ ನಿಂತರು! "ಅಮ್ಮಾ, ಇವತ್ತು ನೀವು ಈ ಕಡೆ" ಎಂದು ಛಾಯಾಗ್ರಾಹಕ ಕೈ ತೋರಿಸಬೇಕಾಯಿತು.

ಪಜೀತಿ ಅಲ್ಲಿಗೇ ಮುಗಿಯುವುದಿಲ್ಲ. "ನಿನ್ನ ತಪ್ಪೇನಿಲ್ಲ ಕಣಪ್ಪಾ, ನಾನು ಹೊರಡ್ತೀನಿ" ಎಂಬ ಮಾತನ್ನು ಅಕ್ಕ ಹೇಳಿದ ಪರಿಗೆ ಮಗನ ಪಾತ್ರದ ನಟ ಬಿಕ್ಕಿ ಬಿಕ್ಕಿ ಅಳುತ್ತಾನೆ. ಅಕ್ಕನ ಮುಖ ಮಾತ್ರ ಒಣಗಿದ ಒರಳು. ಮತ್ತೆ ಮಾಡಿದರೂ ಅದೇ ಕತೆ.

ನಿರ್ದೇಶಕಿ ತಲೆ ಚಚ್ಚಿಕೊಳ್ಳುತ್ತಾರೆ. "ಎಲ್ಲಾನೂ ಅವನಿಗೇ ಕೊಟ್ಟುಬಿಡ್ತೀರಲ್ಲಮ್ಮಾ! ಅಳಬೇಕಾಗಿರೋದು ನೀವು. ಇನ್ನೊಂದ್ಸಲ ನೋಡೋಣ. ಆಗ್ಲಿಲ್ಲ ಅಂದ್ರೆ ಅವನ ಮುಖ ತೋರಿಸಿ ದೃಶ್ಯ ಮುಗಿಸ್ತೀನಿ, ಬೇರೆ ದಾರಿಯಿಲ್ಲ."

ಅಂದರೆ ಇಲ್ಲಿಯೂ ಉಳಿಯುವುದು ಅಕ್ಕನ ದನಿ ಮಾತ್ರ. ಅವರು ಮೂಲೆಯಿಂದ ಮೂಲೆಗೆ ಶತಪಥ ಹಾಕುತ್ತಾರೆ, ನೀರು ಕುಡಿಯುತ್ತಾರೆ, ಬಾಟಲಿಯ ಮುಚ್ಚಳವನ್ನು ಎಲ್ಲೋ ಇಟ್ಟು ಹುಡುಕುತ್ತಾರೆ. ಅಷ್ಟರಲ್ಲಿ ತಮ್ಮನ ಫೋನು.

"ಅಕ್ಕಾ, ಇವರು ಡೈಲಾಗ್ ಹೇಳಿದ್ರೆ ನಂಗೆ ನಗು ಬರ್ತಿದೆ. ಒಂದು ಗಳಿಗೆ ಬಂದು ಹೋಗೇ."

"ಆಗಲ್ಲ ಕಣೋ."

"ನನ್ನ ಮರ್ಯಾದೆ ಪ್ರಶ್ನೆ ಅಕ್ಕಾ!"

"ನಂದೂ ಅದೇನೇ. ಇಷ್ಟು ವರ್ಷ ನಿನಗೆ ಕೊಟ್ಟಿಲ್ವಾ? ಇವತ್ತು ನಂಗೆ ಬೇಕು, ಇಡು ಫೋನು."

ಮಾತು ಒರಟಾಯಿತೇನೋ ಎಂದು ತುಟಿ ಕಚ್ಚಿಕೊಳ್ಳುತ್ತಾರೆ. ಆದರೂ ತಿರುಗಿ ಫೋನು ಮಾಡುವುದಿಲ್ಲ. ದೀಪದ ಮುಂದೆ ಹೋಗಿ ನಿಲ್ಲುತ್ತಾರೆ. ಈ ಸಲ ಎದುರಿನವನನ್ನು ಸಮಾಧಾನಪಡಿಸುವ ಗೊಡವೆಗೇ ಹೋಗುವುದಿಲ್ಲ. "ನಾನು ಹೊರಡ್ತೀನಿ" ಎನ್ನುವಾಗ ಮಾತು ಅರ್ಧಕ್ಕೆ ತುಂಡಾಗುತ್ತದೆ, ಗಲ್ಲದ ಬಣ್ಣವೆಲ್ಲ ಕದಡಿಹೋಗುತ್ತದೆ. ಎದುರಿನ ನಟನ ಕಣ್ಣಲ್ಲಿ ಈಗ ಒಂದು ಹನಿಯೂ ಇಲ್ಲ. "ಓಕೆ!" ಎಂದು ನಿರ್ದೇಶಕಿ ಕುರ್ಚಿಯಿಂದ ಎದ್ದೇಳುತ್ತಾರೆ.

ಮೂಗು ಒರೆಸಿಕೊಳ್ಳುತ್ತಲೇ ಅಕ್ಕ ಫೋನು ಕಿವಿಗೆ ಹಿಡಿಯುತ್ತಾರೆ.

"ನಂದು ಅತ್ತಾಯ್ತು ಕಣೋ. ಇರು, ಈಗ ಬಂದು ನಿನ್ನನ್ನ ಅಳಿಸ್ತೀನಿ."