ನಾನೂರ ಹನ್ನೆರಡು ಸೀಲುಗಳ ಕಾವಲು

ಬೆಳಗಿನ ಆರಕ್ಕೆ ಗೋದಾಮಿನ ಬಾಗಿಲ ಮುಂದೆ ಎರಡು ಬೀಗದ ಕೈಗಳು ಸೇರುತ್ತವೆ. ಒಂದು ಚುನಾವಣಾ ಅಧಿಕಾರಿಯದು, ಇನ್ನೊಂದು ಸೀಲಕ್ಕನದು. ಒಂದೇ ಕೀಲಿಗೆ ಈ ಬಾಗಿಲು ತೆರೆಯುವುದಿಲ್ಲ. ಒಳಗೆ ನಾನೂರ ಹನ್ನೆರಡು ಮತಯಂತ್ರಗಳು ಸಾಲಾಗಿ ಕೂತಿವೆ. ಅಧಿಕಾರಿ ಬಾಗಿಲ ಬಳಿಯ ಮೇಜಿಗೆ ಕೂರುತ್ತಾರೆ. ಸೀಲಕ್ಕ ಕನ್ನಡಕ ಏರಿಸಿಕೊಂಡು, ಒಂದೊಂದರ ಕಾಗದದ ಸೀಲಿನ ಮೇಲೂ ಬೆರಳಾಡಿಸಿ ನಂಬರು ಕೂಗುತ್ತಾ ಹೋಗುತ್ತಾರೆ.

ಹದಿನಾಲ್ಕು ವರ್ಷದಿಂದ ಇದೇ ಕೆಲಸ, ಇಂದಿಗೂ ಗುತ್ತಿಗೆಯ ಮೇಲೆಯೇ. ಗಂಡ ಹಾಸಿಗೆ ಹಿಡಿದ ಮೇಲೆ ಮನೆ ನಡೆಯುವುದು ಇದರಿಂದಲೇ. ಸೀಲಕ್ಕ ಎಂದು ಅಡ್ಡಹೆಸರಿಟ್ಟವರು ಕಾವಲಿನ ಪೊಲೀಸರು. "ಯಾವ ಕಳ್ಳ ಬರ್ತಾನಕ್ಕಾ? ನಾವಿಲ್ವಾ?" ಎಂದು ಅವರು ಕಿಚಾಯಿಸಿದರೆ ಉತ್ತರ ಸಿದ್ಧ: "ಬಾಗಿಲು ಒಡೆದು ಬರೋನು ನಿಮ್ಮ ಪಾಲು ಕಣಪ್ಪ. ಬಂದು ಹೋಗಿದ್ದೇ ಗೊತ್ತಾಗದೋನು ನನ್ನ ಪಾಲು." ಮನೆಯಲ್ಲೂ ಆ ಕೈ ಸುಮ್ಮನಿರದು. "ಅಮ್ಮ ಉಪ್ಪಿನ ಡಬ್ಬಿ ಮುಚ್ಚಳಾನೂ ಎರಡು ಸಲ ಒತ್ತಿ ನೋಡ್ತಾಳೆ" ಎಂದು ಮಗಳ ದೂರು.

ಚುನಾವಣೆಗೆ ಇನ್ನು ಎಂಟೇ ದಿನ. ಇವತ್ತು ಮೂರನೇ ಸಾಲಿನಲ್ಲಿ ಕೂಗು ನಿಲ್ಲುತ್ತದೆ. ಒಂದು ಸೀಲಿನ ಅಂಚು ಉಗುರಿನಷ್ಟು ಮೇಲೆದ್ದಿದೆ. ಸೀಲಕ್ಕನಿಗೆ ಕಾರಣ ಗೊತ್ತು. ನಿನ್ನೆ ಅದರ ಮೇಲೆ ಹಲ್ಲಿ ಗಲೀಜು ಮಾಡಿತ್ತು. ಒಣ ಬಟ್ಟೆ ಬಿಟ್ಟು ಬೇರೇನೂ ತಾಕಿಸಬಾರದೆಂಬ ನಿಯಮ ಗೊತ್ತಿದ್ದೂ, ಮನೆಯ ಒಲೆಕಟ್ಟೆ ಒರೆಸುವ ಹಾಗೆ ಒದ್ದೆ ಬಟ್ಟೆ ಆಡಿಸಿಬಿಟ್ಟಿದ್ದರು. ಈಗ ಒತ್ತಿ ಹಿಡಿದರೆ ಅಂಟಿಕೊಂಡೀತು. ಹೇಳಿದರೆ ಕೆಲಸಕ್ಕೇ ಸಂಚಕಾರ. ಹೆಬ್ಬೆರಳು ಅಂಚಿನವರೆಗೆ ಹೋಗುತ್ತದೆ, ಹಿಂದೆ ಬರುತ್ತದೆ, ಮತ್ತೆ ಹೋಗುತ್ತದೆ.

"ಯಾಕಮ್ಮ, ಬಾಯಿಗೂ ಸೀಲು ಬಿತ್ತಾ?" ಎಂದು ಅಧಿಕಾರಿ ನಗುತ್ತಾರೆ.

"ಸಾರ್, ಸ್ವಲ್ಪ ಇಲ್ಲಿ ಬನ್ನಿ. ನನ್ನಿಂದ ಒಂದು ಎಡವಟ್ಟಾಗಿದೆ."

ಅಧಿಕಾರಿಯ ನಗು ನಿಲ್ಲುತ್ತದೆ. ಬಗ್ಗಿ ನೋಡಿ, ಎಲ್ಲ ಕೇಳಿಸಿಕೊಂಡು, ಆ ಯಂತ್ರವನ್ನು ಬೇರೆ ಇರಿಸುತ್ತಾರೆ. ಸಾಕ್ಷಿಗೆ ಎಲ್ಲ ಪಕ್ಷದವರನ್ನೂ ಕರೆಸಲು ಫೋನು ಮಾಡುತ್ತಾರೆ. ಸೀಲಕ್ಕ ಉಳಿದ ಸಾಲುಗಳನ್ನು ಒಂದಲ್ಲ, ಎರಡು ಸಲ ನೋಡಿ ಬರುತ್ತಾರೆ. ಅಷ್ಟರಲ್ಲಿ ಅಧಿಕಾರಿಯ ವರದಿ ಅರ್ಧವಾಗಿದೆ.

"ಅಂಟು ಹಳತಾಗಿ ಸೀಲು ಬಿಟ್ಟುಕೊಂಡಿದೆ ಅಂತ ಬರೆದಿದ್ದೀನಿ" ಎಂದು ಅಧಿಕಾರಿ ದನಿ ತಗ್ಗಿಸುತ್ತಾರೆ. "ಇಷ್ಟು ವರ್ಷ ದುಡಿದಿದ್ದೀರಿ. ಸುಮ್ನೆ ನಿಮ್ಮ ತಲೆ ಮೇಲೆ ಯಾಕೆ?"

ಕುರ್ಚಿ ತೋರಿಸಿದರೂ ಸೀಲಕ್ಕನಿಗೆ ಕೂರಲಾಗುವುದಿಲ್ಲ. ಬಾಗಿಲವರೆಗೆ ಹೋಗಿ ತಿರುಗಿ ಬರುತ್ತಾರೆ.

"ಬೇಡ ಸಾರ್, ಹೊಡೆದುಹಾಕಿ ಅದನ್ನ. ಅಂಟು ಹಳತು ಅಂದ್ರೆ ಉಳಿದ ನಾನೂರ ಹನ್ನೊಂದರ ಮೇಲೂ ಜನಕ್ಕೆ ಅನುಮಾನ ಬರುತ್ತೆ. ಅವೆಲ್ಲ ಗಟ್ಟಿಯಾಗಿವೆ. ಒದ್ದೆ ಬಟ್ಟೆ ಹಾಕಿದವಳು ನಾನು ಅಂತಲೇ ಬರೀರಿ. ಸಹಿ ಎಲ್ಲಿ ಮಾಡ್ಲಿ?"